ಐದು ಬಾರ್‌ಗಳ ಆವರ್ತ

ಆರ್.ಟಿ. ನಗರ, ಹೆಬ್ಬಾಳ, ಯಲಹಂಕದ ಕಡೆ ಪಿಯಾನೋ ಕಲಿಯುವ ಮಕ್ಕಳಿಗೆ ಪಠ್ಯಕ್ರಮ ಬರುವುದು ಲಂಡನ್ನಿನಿಂದ. ಸರ್ಟಿಫಿಕೇಟು ಬರುವುದೂ ಅಲ್ಲಿಂದಲೇ. ಆದರೆ ಎಂಟನೇ ಗ್ರೇಡು ಮುಗಿಸಿದವರನ್ನು ಇಂಗ್ಲೆಂಡಿನ ನಾಲ್ವರು ಸಂಯೋಜಕರ ಹೆಸರು ಕೇಳಿದರೆ ಎಲ್ಗಾರ್ ಆದ ಮೇಲೆ ಮಾತು ನಿಂತುಹೋಗುತ್ತದೆ. ಪರ್ಸೆಲ್ ಹೆಸರು ಎಲ್ಲೋ ಕೇಳಿದ ಹಾಗಿದೆ, ಹೋಲ್ಸ್ಟ್ ಗೊತ್ತೇ ಇಲ್ಲ. ಇಂಗ್ಲಿಷರು ಸಂಗೀತವಿಲ್ಲದ ಜನ ಎಂದು ಜರ್ಮನ್ನರು ಒಂದು ಕಾಲದಲ್ಲಿ ಆಡಿಕೊಳ್ಳುತ್ತಿದ್ದರು. ಆ ಮಾತನ್ನು ಬೆಂಗಳೂರಿನ ಪಾಶ್ಚಾತ್ಯ ಸಂಗೀತ ರಸಿಕರು ಇವತ್ತಿಗೂ ಕೇಳದೆ, ಪರಿಶೀಲಿಸದೆ ನಂಬುತ್ತಾರೆ. ಇಂಗ್ಲೆಂಡಿನಿಂದ ನಾವು ಪರೀಕ್ಷೆಯನ್ನು ತರಿಸಿಕೊಂಡೆವು, ಸಂಗೀತವನ್ನು ಅಲ್ಲೇ ಬಿಟ್ಟೆವು ಎಂಬುದು ನನ್ನ ದೂರು. ಹಾಗೆ ಬಿಟ್ಟು ಬಂದದ್ದು ಕನ್ನಡದ ಕಿವಿಗೆ ತೀರ ಹತ್ತಿರವಾಗಬಲ್ಲ ಸಂಗೀತ ಎಂಬುದು ಅದಕ್ಕಿಂತ ದೊಡ್ಡ ದೂರು.

ಹೆನ್ರಿ ಪರ್ಸೆಲ್‌ನ ‘ಡೈಡೋ ಅಂಡ್ ಈನಿಯಸ್’ ಒಪೆರಾದ ಕೊನೆಯಲ್ಲಿ ರಾಣಿ ಡೈಡೋ ಸಾಯುವ ಮುನ್ನ ಹಾಡುವ ಹಾಡನ್ನು ತೆಗೆದುಕೊಳ್ಳಿ. ಇದು 1680ರ ದಶಕದ ಕೃತಿ. ಹಾಡಿನ ಅಡಿಯಲ್ಲಿ ಒಂದೇ ಬೇಸ್ ಸಾಲು ಮೊದಲಿಂದ ಕೊನೆಯವರೆಗೆ ಹನ್ನೊಂದು ಸಲ ಸುತ್ತುತ್ತದೆ. ನಮ್ಮ ಲೆಕ್ಕದಲ್ಲಿ ಹೇಳುವುದಾದರೆ ಅದು ಮೇಲಿನ ಷಡ್ಜದಿಂದ ಹೊರಟು ಕಾಕಲಿ ನಿಷಾದ, ಕೈಶಿಕಿ ನಿಷಾದ, ಚತುಶ್ರುತಿ ಧೈವತ, ಶುದ್ಧ ಧೈವತ, ಪಂಚಮ ಹೀಗೆ ಒಂದು ಮೆಟ್ಟಿಲನ್ನೂ ಬಿಡದೆ ಇಳಿದು, ಕೊನೆಗೆ ಕೆಳಗಿನ ಷಡ್ಜದಲ್ಲಿ ನಿಲ್ಲುತ್ತದೆ. ನಮ್ಮ 72 ಮೇಳಗಳಲ್ಲಿ ಯಾವುದನ್ನು ತೆಗೆದುಕೊಂಡರೂ ಪಂಚಮಕ್ಕೂ ಮೇಲಿನ ಷಡ್ಜಕ್ಕೂ ನಡುವೆ ಎರಡೇ ಸ್ವರ. ಪರ್ಸೆಲ್ ನಾಲ್ಕನ್ನೂ ಸಾಲಾಗಿ ನಿಲ್ಲಿಸಿದ್ದಾನೆ. ಹಾಗಾಗಿ ರಾಗದಲ್ಲಿ ಪಳಗಿದ ಕಿವಿಗೆ ಈ ಇಳಿತ ಪ್ರತಿ ಸುತ್ತಿನಲ್ಲೂ ಸ್ವಲ್ಪ ಚುಚ್ಚುತ್ತದೆ, ಹಾಡಿನ ಸಂಕಟವೂ ಅಲ್ಲಿಂದಲೇ ಹುಟ್ಟುತ್ತದೆ. ಇನ್ನು ತಾಳ. ಬಾರ್‌ಗೆ ಮೂರು ಎಣಿಕೆಯಂತೆ ಐದು ಬಾರ್, ಒಂದು ಆವರ್ತಕ್ಕೆ ಹದಿನೈದು ಎಣಿಕೆ. ನಾಲ್ಕು ಬಾರ್, ಎಂಟು ಬಾರ್ ಎಂದು ಕಾಯುವ ಕಿವಿಗೆ ಐದೆಂಬುದೇ ಒಂದು ತೊಡಕು. ಅದರ ಮೇಲೆ ಹಾಡುಗಾರ್ತಿಯ ಸಾಲು ಬೇಸಿನ ಸಾಲಿನ ಜೊತೆಗೆ ಮುಗಿಯುವುದಿಲ್ಲ. ಬೇಸ್ ಷಡ್ಜ ಮುಟ್ಟಿ ಹೊಸ ಸುತ್ತು ಹಿಡಿಯುವಾಗ ಹಾಡು ಇನ್ನೂ ವಾಕ್ಯದ ನಡುವಿರುತ್ತದೆ. ಆವರ್ತದ ಗಡಿ ದಾಟಿ ಸಾಹಿತ್ಯ ಹರಿಯುವ ಸುಖವನ್ನು ತ್ಯಾಗರಾಜರ, ದೀಕ್ಷಿತರ ಕೃತಿಗಳಲ್ಲಿ ಉಂಡವರಿಗೆ ಇಲ್ಲಿ ಯಾವ ಪೀಠಿಕೆಯೂ ಬೇಡ. ಹಾಡು ನಿಂತ ಮೇಲೆ, ಇಷ್ಟು ಹೊತ್ತು ಬೇಸಿನಲ್ಲಿದ್ದ ಇಳಿತವನ್ನು ಪಿಟೀಲುಗಳು ಮೇಲಿನಿಂದ ಎತ್ತಿಕೊಳ್ಳುತ್ತವೆ.

ಈ ಹಾಡನ್ನು ಹಾಳು ಮಾಡುವವರ ಮೇಲೆ ನನಗೆ ನಿಜವಾದ ಸಿಟ್ಟಿದೆ. ದುಃಖದ ಹಾಡು ಎಂಬ ಒಂದೇ ನೆಪಕ್ಕೆ ಕಾಲಪ್ರಮಾಣವನ್ನು ಎಷ್ಟು ಎಳೆಯುತ್ತಾರೆಂದರೆ ಬೇಸ್ ಸಾಲು ಸಾಲಾಗಿಯೇ ಉಳಿಯುವುದಿಲ್ಲ, ಬಿಡಿ ಬಿಡಿ ಸ್ವರವಾಗಿ ಉದುರುತ್ತದೆ. ಹದಿನೈದು ಎಣಿಕೆಯನ್ನು ಒಂದು ಸುತ್ತೆಂದು ಹಿಡಿದಿಟ್ಟುಕೊಳ್ಳಲಾಗದಷ್ಟು ವಿಳಂಬವಾದರೆ ಹಾಡು ಗಡಿ ದಾಟಿದ್ದು ತಿಳಿಯುವುದಾದರೂ ಹೇಗೆ? ಇನ್ನು ಕೆಲವರು ಬೇಸ್ ಷಡ್ಜಕ್ಕೆ ಬಂದಲ್ಲೆಲ್ಲ ಉಸಿರು ತೆಗೆದು ಹಾಡನ್ನು ಕತ್ತರಿಸುತ್ತಾರೆ. ಪರ್ಸೆಲ್ ಯಾವುದನ್ನು ತಪ್ಪಿಸಲೆಂದು ಇಷ್ಟು ಜಾಣತನ ತೋರಿದನೋ ಅದನ್ನೇ ಮಾಡಿ ಭಾವಪೂರ್ಣ ಎನ್ನಿಸಿಕೊಳ್ಳುತ್ತಾರೆ. ಭಾವವೆಲ್ಲ ಕಂಠದಲ್ಲಿದೆ, ಲೆಕ್ಕ ಬರೀ ಆಸರೆ ಎಂಬ ನಂಬಿಕೆ ಇದರ ಹಿಂದಿದೆ. ಮೃದಂಗದ ಪಕ್ಕ ಕೂತು ಕಛೇರಿ ಕೇಳಿದ ಯಾರೂ ಅದನ್ನು ಒಪ್ಪಲಾರರು.

ಪರೀಕ್ಷೆಯಿಂದ ಶಿಸ್ತು ಬರುತ್ತದೆ, ತಂದೆತಾಯಿಗೆ ಒಂದು ಅಳತೆಗೋಲು ಸಿಗುತ್ತದೆ ಎನ್ನುವವರಿದ್ದಾರೆ. ಶಿಸ್ತಿನ ಮಾತು ನಿಜ. ಸ್ವರ ನೋಡಿ ತಕ್ಷಣ ನುಡಿಸುವ ಅಭ್ಯಾಸವನ್ನು ಈ ಪರೀಕ್ಷೆಗಳಷ್ಟು ಚೆನ್ನಾಗಿ ಬೇರೇನೂ ಕಲಿಸಿಲ್ಲ. ಆದರೆ ಗ್ರೇಡಿಗೆ ಮೂರು ತುಣುಕಿನಂತೆ ಎಂಟು ಗ್ರೇಡಿಗೆ 24 ತುಣುಕು, ಅದರಾಚೆ ಏನನ್ನೂ ನುಡಿಸದೆ ಬಾಲ್ಯ ಮುಗಿದುಹೋದರೆ ಅಳೆದದ್ದಾದರೂ ಏನನ್ನು? ಸಂಗೀತ ಪರೀಕ್ಷೆಯ ಆಚೆಗೂ ಬೆಳೆಯುತ್ತದೆ ಎಂಬುದಕ್ಕೆ ಇಂಗ್ಲಿಷ್ ಸಂಯೋಜಕರ ಬದುಕೇ ಸಾಕ್ಷಿ. ಎಲ್ಗಾರ್ ವೂಸ್ಟರ್ ಊರಿನ ಸಂಗೀತದ ಅಂಗಡಿಯವನ ಮಗ. ಯಾವ ಸಂಗೀತ ಕಾಲೇಜಿನ ಮೆಟ್ಟಿಲನ್ನೂ ಹತ್ತದೆ ಅಂಗಡಿಯ ಪುಸ್ತಕಗಳಿಂದ ಕಲಿತ, ಮಾನಸಿಕ ಆಸ್ಪತ್ರೆಯ ಬ್ಯಾಂಡ್ ನಡೆಸಿದ, ಪಿಟೀಲು ಪಾಠ ಹೇಳಿದ. ‘ಎನಿಗ್ಮಾ ವೇರಿಯೇಷನ್ಸ್’ 1899ರಲ್ಲಿ ಹೆಸರು ತಂದುಕೊಡುವ ಹೊತ್ತಿಗೆ ಅವನಿಗೆ 42 ವರ್ಷ. ಗುಸ್ತಾವ್ ಹೋಲ್ಸ್ಟ್ ಬದುಕಿನ ಬಹುಕಾಲ ಮೇಷ್ಟ್ರು. ಹಗಲು ಸೇಂಟ್ ಪಾಲ್ಸ್ ಹೆಣ್ಣುಮಕ್ಕಳ ಶಾಲೆ, ಸಂಜೆ ದುಡಿಯುವ ಜನರಿಗಾಗಿ ನಡೆಯುತ್ತಿದ್ದ ಮಾರ್ಲಿ ಕಾಲೇಜು. ಪರ್ಸೆಲ್‌ನ ‘ದಿ ಫೇರಿ ಕ್ವೀನ್’ ಎರಡು ಶತಮಾನ ಕಳೆದುಹೋಗಿ 1901ರಲ್ಲಿ ಹಸ್ತಪ್ರತಿ ಸಿಕ್ಕಾಗ, ಅದನ್ನು 1911ರಲ್ಲಿ ಮತ್ತೆ ಕೇಳಿಸಿದ್ದು ಈ ಮೇಷ್ಟ್ರೇ. ವಾದ್ಯ ವಾದ್ಯಕ್ಕೂ ಬೇಕಾದ ಹಾಳೆಗಳನ್ನು ಕೈಯಲ್ಲಿ ನಕಲು ಮಾಡಿದ್ದು ಸಂಜೆ ಕಾಲೇಜಿನ ಅವನ ವಿದ್ಯಾರ್ಥಿಗಳು. ಅವರಿಗೆ ಅದರಿಂದ ಯಾವ ಗ್ರೇಡೂ ಸಿಗಲಿಲ್ಲ.

ಇದೇ ಹೋಲ್ಸ್ಟ್ ಸಂಸ್ಕೃತ ಕಲಿತು, ನಿಘಂಟು ಹಿಡಿದು ಋಗ್ವೇದದ ಸೂಕ್ತಗಳನ್ನು ತಾನೇ ಅನುವಾದಿಸಿ ಸಂಗೀತ ಸಂಯೋಜಿಸಿದವನು. ಮಹಾಭಾರತದ ಸಾವಿತ್ರಿಯ ಕಥೆಯನ್ನು 1908ರಲ್ಲಿ ಮೂರೇ ಪಾತ್ರಗಳಿರುವ ಅರ್ಧ ಗಂಟೆಯ ಒಪೆರಾ ಮಾಡಿದ. ತೆರೆಯ ಹಿಂದಿನಿಂದ ಯಮನ ದನಿ, ಒಂದು ವಾದ್ಯದ ಆಸರೆಯೂ ಇಲ್ಲದೆ, ಮೊದಲು ಬರುತ್ತದೆ. ಸಾವಿತ್ರಿ ಬೇರೆಯದೇ ಶ್ರುತಿಯಲ್ಲಿ ಅದಕ್ಕೆ ಹೆಣೆದುಕೊಳ್ಳುತ್ತಾಳೆ. ಇದರಲ್ಲಿ ನಮ್ಮ ರಾಗವೆಲ್ಲಿದೆ ಎಂದು ಆಕ್ಷೇಪಿಸುವವರುಂಟು. ರಾಗ ಇಲ್ಲ, ಇಲ್ಲದಿರುವುದೇ ಸರಿ. ಕೇಳಿ ಅರಗಿಸಿಕೊಳ್ಳದ ರಾಗವನ್ನು ಅಲಂಕಾರಕ್ಕೆ ಅಂಟಿಸುವ ಬದಲು ಕಥೆಯ ಒಳಗನ್ನು ತನ್ನ ಭಾಷೆಯಲ್ಲಿ ಹುಡುಕಿದ್ದು ಪ್ರಾಮಾಣಿಕ ಕೆಲಸ.

ಇಂಗ್ಲಿಷ್ ಸಂಗೀತ ನಮಗೆ ಇಷ್ಟು ಹತ್ತಿರವಾದರೆ, ಪಾಶ್ಚಾತ್ಯ ಸಂಗೀತ ಕಲಿತಿದ್ದ ಮೈಸೂರಿನ ದೊರೆ ಜಯಚಾಮರಾಜ ಒಡೆಯರು ಒಬ್ಬ ಇಂಗ್ಲಿಷ್ ಸಂಯೋಜಕನನ್ನೂ ಯಾಕೆ ಪೋಷಿಸಲಿಲ್ಲ ಎಂಬ ಪ್ರಶ್ನೆ ಏಳುತ್ತದೆ. ಗಟ್ಟಿ ಪ್ರಶ್ನೆಯೇ. ಲಂಡನ್ನಿನ ಗಿಲ್ಡ್‌ಹಾಲ್ ಲೈಸೆನ್ಶಿಯೇಟ್ ಪಡೆದ ದೊರೆ ಹಣ ಕೊಟ್ಟದ್ದು ರಷ್ಯದ ನಿಕೊಲಾಯ್ ಮೆಟ್ನರ್‌ನ ಧ್ವನಿಮುದ್ರಣಗಳಿಗೆ. ಜರ್ಮನಿಯ ರಿಚರ್ಡ್ ಸ್ಟ್ರಾಸ್‌ನ ಕೊನೆಯ ನಾಲ್ಕು ಹಾಡುಗಳು 1950ರ ಮೇ 22ರಂದು ಆಲ್ಬರ್ಟ್ ಹಾಲಿನಲ್ಲಿ ಮೊದಲ ಸಲ ಕೇಳಿಬಂದ ಕಛೇರಿಗೆ. ಆದರೆ ಮೆಟ್ನರ್ ಆಗ ಲಂಡನ್ನಿನಲ್ಲೇ ನೆಲೆಸಿ ಕಾಯಿಲೆಯಲ್ಲಿದ್ದ, ಕೇಳುವವರಿಲ್ಲದೆ ಮರೆವಿಗೆ ಸರಿಯುತ್ತಿದ್ದ. ಒಡೆಯರಿಗೆ ಅರ್ಪಿಸಿದ ಮೂರನೇ ಪಿಯಾನೋ ಕಾನ್ಸರ್ಟೋವನ್ನು ಅವನು ಮೊದಲು ನುಡಿಸಿದ್ದೂ ಅದೇ ಆಲ್ಬರ್ಟ್ ಹಾಲಿನಲ್ಲಿ, 1944ರಲ್ಲಿ. ಇಂಗ್ಲಿಷ್ ಸಂಯೋಜಕರಾದ ಎಲ್ಗಾರ್‌ಗೆ, ವಾನ್ ವಿಲಿಯಮ್ಸ್‌ಗೆ ಅವರದೇ ದೇಶದ ಆರ್ಕೆಸ್ಟ್ರಾಗಳಿದ್ದವು; ಮೆಟ್ನರ್‌ಗೆ ಮೈಸೂರು ಬೇಕಾಯಿತು. ಪರೀಕ್ಷೆ ಮುಗಿದ ಮೇಲೂ ತನಗೆ ಬೇಕಾದ ಸಂಗೀತವನ್ನು ತಾನೇ ಹುಡುಕಿಕೊಂಡು ಹೋದ ಈ ದೊರೆ, 94 ಕರ್ನಾಟಕ ಸಂಗೀತ ಕೃತಿಗಳನ್ನೂ ರಚಿಸಿದರು. ಎರಡನ್ನೂ ಕೂಡಿಸಿ ನೋಡುವವರು ನಮ್ಮಲ್ಲಿ ಕಡಿಮೆ.

1987ರಲ್ಲಿ ಶುರುವಾದ, ಆರ್.ಟಿ. ನಗರದ ಬೆಂಗಳೂರು ಸ್ಕೂಲ್ ಆಫ್ ಮ್ಯೂಸಿಕ್‌ನಂಥ ಶಾಲೆಗಳಿಂದ ನಗರದ ಈ ಭಾಗದಲ್ಲಿ ಚೆಲ್ಲೋ ಹಿಡಿದ ಮಕ್ಕಳು ಕಾಣುತ್ತಾರೆ. ಅದೇ ಬಡಾವಣೆಗಳಲ್ಲಿ ಸಂಜೆ ಸರಳೆ ವರಸೆಯೂ ಕೇಳುತ್ತದೆ. ಡೈಡೋ ಹಾಡಿನ ಬೇಸ್ ಸಾಲನ್ನು ನುಡಿಸಲು ಎರಡನೇ ವರ್ಷದ ಚೆಲ್ಲೋ ಸಾಕು. ಮೇಲೆ ಒಂದು ಕಂಠ, ಪಕ್ಕದಲ್ಲಿ ಕೈಯಲ್ಲಿ ತಾಳ ಹಾಕಿ ಹದಿನೈದು ಎಣಿಸುವ ಒಬ್ಬ ಮೃದಂಗದ ಹುಡುಗ. ಹಾಡು ಯಾವ ಎಣಿಕೆಯಲ್ಲಿ ಗಡಿ ದಾಟಿತು ಎಂದು ಮೊದಲು ಹೇಳುವವನು ಅವನೇ.