ಅಜ್ಜಿಯ ಪಾಲು

ಲೆಕ್ಕದ ಪುಸ್ತಕದಲ್ಲಿ ಭಿನ್ನರಾಶಿಯ ಪಾಠ ಬಂದೊಡನೆ ಅನೇಕ ಮನೆಗಳಲ್ಲಿ ಭಿನ್ನಾಭಿಪ್ರಾಯವೂ ತಲೆದೋರುತ್ತದೆ. ಕುಂದಾಪುರದ ಸಮೀಪದ ಒಂದು ತೋಟದ ಮನೆಯಲ್ಲಿ ಮಾತ್ರ ಆ ಪಾಠವನ್ನು ಮಕ್ಕಳಿಗಿಂತ ಹೆಚ್ಚಾಗಿ ಹಿರಿಯರೇ ಕಲಿತರು.

ಯಜಮಾನರು ತೀರಿಕೊಂಡ ಮೇಲೆ ತೆಂಗಿನ ಫಸಲನ್ನು ಹಂಚಿಕೊಳ್ಳುವ ಮಾತು ಬಂತು. ಕುಂದಾಪುರದಲ್ಲಿದ್ದ ಹಿರಿಯ ಮಗನು, “ನನಗೆ ಮೂರರಲ್ಲೊಂದು ಪಾಲು ಸಾಕು, ಮಿಕ್ಕುದೆಲ್ಲ ನಿನಗೇ, ಅಮ್ಮ” ಎಂದನು. ಬೈಂದೂರಿನ ನಡುವಣವನು ಕಾಲು ಪಾಲನ್ನಷ್ಟೇ ಕೇಳಿ ಅದೇ ಮಾತನ್ನಾಡಿದನು. ಬ್ರಹ್ಮಾವರದಿಂದ ಬಂದು ತೋಟದ ಮೇಲ್ವಿಚಾರಣೆ ನಡೆಸುತ್ತಿದ್ದ ಕಿರಿಯನು ಐದರಲ್ಲೆರಡು ಪಾಲು ಬಯಸಿದನು. ಮಿಕ್ಕುದನ್ನು ಅವನೂ ತಾಯಿಗೇ ಬಿಟ್ಟನು. ಮೂವರೂ ತಮ್ಮ ತಮ್ಮ ಔದಾರ್ಯಕ್ಕೆ ತಾವೇ ಸಂತೋಷಪಟ್ಟರು. ಮೂರನ್ನೂ ಕೂಡಿ ನೋಡಿದವರು ಯಾರೂ ಇಲ್ಲ.

ಕೂಡುವ ಕೆಲಸ ಆರನೆಯ ತರಗತಿಯ ಮೊಮ್ಮಗಳ ಪಾಲಿಗೆ ಬಂತು. ಅವಳು ಮೇಲಿನ ಅಂಶಗಳನ್ನು ಕೂಡಿದಳು, 4 ಬಂತು. ಕೆಳಗಿನ ಛೇದಗಳನ್ನು ಕೂಡಿದಳು, 12 ಬಂತು. ಹನ್ನೆರಡರಲ್ಲಿ ನಾಲ್ಕೆಂದರೆ ಮೂರರಲ್ಲೊಂದು. “ಅಜ್ಜೀ, ನಿನಗೆ ಮೂರರಲ್ಲೆರಡು ಪಾಲು ಉಳಿಯಿತು!” ಮಕ್ಕಳು ಮೂವರೂ ತಲೆದೂಗಿದರು.

ಅಜ್ಜಿ ನಕ್ಕರು. “ದೊಡ್ಡವನೊಬ್ಬನೇ ಮೂರರಲ್ಲೊಂದು ಕೇಳಿದ್ದಾನೆ, ಮಗಾ. ಎಲ್ಲರದೂ ಸೇರಿ ಅಷ್ಟೇ ಆಗುವುದು ಹೇಗೆ?”

ಅವರು ಲೆಕ್ಕ ಕಲಿತದ್ದು 1957ರ ಏಪ್ರಿಲ್ 1ರಂದು ಹೊಸ ಪೈಸೆ ಬರುವುದಕ್ಕೆ ಮೊದಲು. ರೂಪಾಯಿಗೆ 16 ಆಣೆ, ಆಣೆಗೆ 12 ಪೈ. ಮೂರರಲ್ಲೊಂದೆಂದರೆ ಐದಾಣೆ ನಾಲ್ಕು ಪೈ, ಕಾಲೆಂದರೆ ನಾಲ್ಕಾಣೆ. ಈ ಎರಡಕ್ಕೇ ಒಂಬತ್ತಾಣೆ ನಾಲ್ಕು ಪೈ ಮುಗಿಯಿತು. ಆದರೆ ಐದನೆಯ ಪಾಲು ಪೈಗಳಲ್ಲಿ ಸರಿಯಾಗಿ ಒಡೆಯದು. ಅದಕ್ಕೆ ಬೇರೊಂದು ಸಂಖ್ಯೆಯೇ ಬೇಕು.

ಮೂರು, ನಾಲ್ಕು, ಐದು ಇವೆಲ್ಲವುಗಳಿಂದಲೂ ಶೇಷವಿಲ್ಲದೆ ಭಾಗವಾಗುವ ಅತ್ಯಂತ ಚಿಕ್ಕ ಸಂಖ್ಯೆ 60. ಒಂಬತ್ತನೆಯ ಶತಮಾನದಲ್ಲಿ, ರಾಷ್ಟ್ರಕೂಟ ಅಮೋಘವರ್ಷ ನೃಪತುಂಗನ ಕಾಲದಲ್ಲಿದ್ದ ಮಹಾವೀರಾಚಾರ್ಯನು ತನ್ನ ‘ಗಣಿತಸಾರಸಂಗ್ರಹ’ದಲ್ಲಿ ಇಂಥ ಸಂಖ್ಯೆಯನ್ನು ‘ನಿರುದ್ಧ’ವೆಂದು ಕರೆದು, ಭಿನ್ನರಾಶಿಗಳಿಗೆ ಒಂದೇ ಛೇದವನ್ನು ಕೊಡುವ ಕ್ರಮವನ್ನು ಹೇಳಿದ್ದಾನೆ.

ಅಜ್ಜಿ ಅಂಗಳದಲ್ಲಿ 60 ಕಾಯಿ ಎಣಿಸಿ ಇಡಿಸಿದರು. ಹಿರಿಯನ ರಾಶಿಗೆ 20, ನಡುವಣವನ ರಾಶಿಗೆ 15, ಕಿರಿಯನ ರಾಶಿಗೆ 24. ಒಟ್ಟು 59. ಅಂಗಳದ ನಡುವೆ ಒಂದೇ ಒಂದು ಕಾಯಿ ಉಳಿಯಿತು.

“ಇದು ನನ್ನದು” ಎಂದರು ಅಜ್ಜಿ. “ಇವತ್ತಿನ ಪದಾರ್ಥಕ್ಕೆ ಸಾಕು. ನಾಳೆಯದನ್ನು ಯಾರ ಹತ್ತಿರ ಕೇಳಲಿ?”

ಸ್ವಲ್ಪ ಹೊತ್ತು ಯಾರೂ ಮಾತನಾಡಲಿಲ್ಲ. ಬಳಿಕ ಹಿರಿಯನು ತನ್ನ ರಾಶಿಯಿಂದ 5 ಕಾಯಿಗಳನ್ನೆತ್ತಿ ತಾಯಿಯ ಮುಂದಿಟ್ಟನು. ಕಿರಿಯನು 9 ಇಟ್ಟನು. ಮೊಮ್ಮಗಳು ಮತ್ತೆ ಎಣಿಸಿದಳು. ನಾಲ್ಕು ರಾಶಿಗಳಲ್ಲೂ ಹದಿನೈದು ಹದಿನೈದು.

ಈ ಸಲ ಅವಳಿಗೆ ಛೇದವನ್ನು ಹುಡುಕುವ ಶ್ರಮವೇ ಇರಲಿಲ್ಲ. ನಾಲ್ಕು ಕಾಲು ಸೇರಿದರೆ ಒಂದು ಎಂದು ಬರೆದು ಪುಸ್ತಕವನ್ನು ಮುಚ್ಚಿದಳು.