ಹನುಮಪ್ಪನ ಊರಿನ ಅಂಟುಗಿಡ

ಹರಿಹರ ತಾಲ್ಲೂಕಿನಲ್ಲಿ, ಮಲೇಬೆನ್ನೂರಿನ ಸಮೀಪ ಇರುವ ಕೊಕ್ಕನೂರು ಎಂದರೆ ಎಲ್ಲರಿಗೂ ನೆನಪಾಗುವುದು ಹನುಮಪ್ಪನ ಗುಡಿ. ದರ್ಶನ ಮುಗಿಸಿದವರು ಬಸ್ಸಿಗಾಗಿ ಸುಮ್ಮನೆ ಕೂರುವ ಬದಲು ನಾಲ್ಕು ಹೆಜ್ಜೆ ಹೊಲದ ಕಡೆ ನಡೆದು ಬರಬಹುದು. ಭದ್ರಾ ನಾಲೆಯ ನೀರುಂಡ ಗದ್ದೆಗಳು ಕಣ್ಣಿಗೆ ತಂಪು. ಆದರೆ ನಾನು ಹೇಳಹೊರಟ ಗಿಡ ನೀರು ನಿಂತಲ್ಲಿ ಸಿಗದು. ಮಳೆ ಬಿದ್ದ ಮೇಲೆ ಬದುವಿನಲ್ಲಿ, ದಾರಿ ಪಕ್ಕದಲ್ಲಿ, ಬೀಳು ನೆಲದಲ್ಲಿ ತಾನಾಗಿ ಹುಟ್ಟುತ್ತದೆ. ಮೊಳವೋ ಎರಡು ಮೊಳವೋ ಎತ್ತರ, ನಾಲ್ಕೇ ಎಸಳಿನ ಹಳದಿ ಹೂವು, ನೆಟ್ಟಗೆ ನಿಂತ ಸಪೂರ ಕಾಯಿ. ಅದೇ ನಾಯಿಸಾಸಿವೆ.

ಕೈ ಹಾಕಿದಿರೋ, "ಮುಟ್ಟಬ್ಯಾಡ್ರಿ ಅಕ್ಕಾರೆ, ಕೈಗೆಲ್ಲಾ ಅಂಟ್ಕಂತತಿ" ಎನ್ನುತ್ತಾರೆ ಕಳೆ ಕೀಳುವ ಹೆಂಗಸರು. ನಿಜವೇ. ಕಾಂಡ, ಎಲೆ, ಕಾಯಿ ಎಲ್ಲದರ ಮೇಲೂ ನವಿರಾದ ರೋಮ. ಪ್ರತಿ ರೋಮದ ತುದಿಗೂ ಅಂಟಿನ ಹನಿ. ಸಣ್ಣ ಹುಳುಗಳು ಸಿಕ್ಕಿಬೀಳುತ್ತವೆ. ಹಾಗೆಂದು ಇದು ಹುಳ ತಿನ್ನುವ ಗಿಡವಲ್ಲ. ತನ್ನನ್ನು ಕಡಿಯಲು ಬಂದವರನ್ನು ತಡೆಯುತ್ತದೆ, ಅಷ್ಟೇ.

ಸ್ವೀಡನ್ ದೇಶದ ಲಿನೇಯಸ್ ಎಂಬ ಪಂಡಿತ 1753ರ ತನ್ನ ಗ್ರಂಥದಲ್ಲಿ ಇದಕ್ಕೆ 'ವಿಸ್ಕೋಸ', ಅಂದರೆ ಅಂಟಿನದು, ಎಂದು ಹೆಸರಿಟ್ಟ. ಅದೇ ಗ್ರಂಥದಲ್ಲಿ ತನ್ನ ಚಳಿನಾಡಿನ ಗುಲಾಬಿ ಬಣ್ಣದ ಒಂದು ಕಾಡುಹೂವಿಗೆ 'ವಿಸ್ಕಾರಿಯ' ಎಂದ. ಅದರ ಕಾಂಡದ ಗೆಣ್ಣುಗಳ ಕೆಳಗೆ ಕಪ್ಪಗೆ ಅಂಟಿನ ಪಟ್ಟಿ. ಊರಿನವರು ಕರೆಯುವುದೇ 'ಟಾರು ಹೂವು' ಎಂದು. ಕಾಂಡ ಹತ್ತಿ ಮಕರಂದ ಕದಿಯಬಂದ ಇರುವೆಗೆ ಅಲ್ಲೇ ತಡೆ, ಹಾರಿ ಬರುವ ಜೇನಿಗೆ ಸ್ವಾಗತ. ಎರಡೂ ಬಳಗದ ಗಿಡಗಳಲ್ಲ; ಉಪಾಯ ಮಾತ್ರ ಒಂದೇ ಜಾತಿಯದು!

ಇನ್ನು ತಾಯಂದಿರಿಗೊಂದು ಮಾತು. ಮಕ್ಕಳ ಕಿವಿ ಸೋರಿದರೆ ಇದರ ಎಲೆ ಹಿಂಡಿ ರಸ ಬಿಡುವುದು ಹಳೆಯ ರೂಢಿ. ದಯವಿಟ್ಟು ಬೇಡಿ. ಜಜ್ಜಿದ ಎಲೆಯನ್ನು ಚರ್ಮದ ಮೇಲಿಟ್ಟರೇ ಕೆಂಪಾಗಿ ಬೊಬ್ಬೆ ಏಳಬಹುದು. ಕಿವಿ ಸೋರುವಾಗ ಎಷ್ಟೋ ಸಲ ಒಳಗಿನ ತಮಟೆ ತೂತಾಗಿರುತ್ತದೆ. ರಸ ಆ ತೂತಿನಿಂದ ಒಳಗಿಳಿದರೆ ಮಗುವಿನ ಕೇಳುವ ಶಕ್ತಿಗೇ ಸಂಚಕಾರ. ಅತ್ತೆಯವರು ಹೇಳಿದರೂ ಸರಿ, ನಯವಾಗಿ ತಪ್ಪಿಸಿ, ಕಿವಿ ವೈದ್ಯರಲ್ಲಿಗೆ ಕರೆದೊಯ್ಯಿರಿ.

ಬೀಜದ ಕಥೆ ಬೇರೆ. ಉತ್ತರಾಖಂಡದ ಗಢವಾಲ್ ಬೆಟ್ಟಗಳಲ್ಲಿ ಇದಕ್ಕೆ 'ಜಖ್ಯಾ' ಎಂದು ಹೆಸರು. ನಮ್ಮ ಸಾಸಿವೆ ಡಬ್ಬಿಗೆ ಇರುವ ಮರ್ಯಾದೆ ಅಲ್ಲಿ ಇದಕ್ಕೂ ಉಂಟು. ನಾವು ಕಿತ್ತೆಸೆಯುವುದನ್ನು ಅವರು ದುಡ್ಡು ಕೊಟ್ಟು ತರುತ್ತಾರೆ. ಔಷಧಿ ಹೊಡೆದ ಹೊಲದ ಬದುವಿನಿಂದ ಬೀಜ ಆರಿಸುವ ಸಾಹಸ ಬೇಡ. ಅಡುಗೆಗೆಂದೇ ಮಾರುವ ಬೀಜ ಸಿಕ್ಕರೆ ಹೀಗೆ ಮಾಡಿ ನೋಡಿ. ಬೇಯಿಸಿದ ನಾಲ್ಕು ಆಲೂಗಡ್ಡೆ ಹೆಚ್ಚಿಕೊಳ್ಳಿ. ಎರಡು ಚಮಚ ಎಣ್ಣೆ ಕಾಯಿಸಿ, ಅರ್ಧ ಚಮಚ ಬೀಜ, ಎರಡು ಒಣಮೆಣಸಿನಕಾಯಿ ಹಾಕಿ. ಚಟಪಟ ಎಂದೊಡನೆ ಅರಿಶಿನ, ಧನಿಯಪುಡಿ, ಉಪ್ಪು, ಹಿಂದೆಯೇ ಆಲೂಗಡ್ಡೆ. ಸಣ್ಣ ಬೀಜ, ಬೇಗ ಸೀಯುತ್ತದೆ. ಒಲೆಯ ಮುಂದಿನಿಂದ ಕದಲಬೇಡಿ. ಹಲ್ಲಿಗೆ ಕರಕರ ಸಿಗುವ ಈ ಪಲ್ಯ ಬಿಸಿ ರೊಟ್ಟಿಗೆ ಬಲು ಚೆನ್ನ.