ಹಗ್ಗದಲ್ಲಿ ಕಂಡ ಹಾವು

ಕಲ್ಯಾಣನಗರದ ನಮ್ಮ ಮನೆಯ ತಾರಸಿಗೆ ವರ್ಷದಲ್ಲಿ ಒಂದೆರಡು ಸಲ ಕೋತಿಗಳ ಹಿಂಡು ಬಂದುಹೋಗುವುದುಂಟು. ಕಳೆದ ಫಾಲ್ಗುಣಮಾಸದಲ್ಲಿ ಅವು ಬಂದ ದಿವಸ, ಒಣಹಾಕಿದ್ದ ಸಂಡಿಗೆಯನ್ನು ಕಾಯುವ ಕಾರ್ಯ ನನ್ನ ಪಾಲಿಗೆ ಬಂದಿತ್ತು. ಮೂಲೆಯಲ್ಲಿ ಬಟ್ಟೆ ಹರವುವ ಹಳೆಯ ಹಗ್ಗದ ತುಂಡೊಂದು ಬಿದ್ದಿತ್ತು. ಅದನ್ನು ಕಂಡೊಡನೆ ಮರಿಯೊಂದು ಚೀರಿ ತಾಯಿಯ ಹೊಟ್ಟೆಗೆ ಅವುಚಿಕೊಂಡಿತು; ಕ್ಷಣಮಾತ್ರದಲ್ಲಿ ಹಿಂಡೆಲ್ಲವೂ ಪಕ್ಕದ ಮನೆಯ ನೀರಿನ ತೊಟ್ಟಿಯ ಮೇಲೇರಿತು. ಸ್ವಲ್ಪ ಹೊತ್ತಿನ ಮೇಲೆ ಮುದಿ ಹೆಣ್ಣುಕೋತಿಯೊಂದು ಮಾತ್ರ ಹಿಂದಿರುಗಿ, ದೂರದಲ್ಲಿ ಕುಳಿತು ನೋಡಿ, ಎರಡು ಹೆಜ್ಜೆ ಮುಂದೆ ಬಂದು ನೋಡಿ, ಕೊನೆಗೆ ಕೈಚಾಚಿ ಅದನ್ನು ಮುಟ್ಟಿ, ಎಳೆದು, ಬಿಸುಟಿತು. ಪಾಠಶಾಲೆಯಲ್ಲಿ ರಜ್ಜುಸರ್ಪದ ದೃಷ್ಟಾಂತವನ್ನು ನೂರಾರು ಸಲ ಒಪ್ಪಿಸಿದ್ದ ನಾನು ಅದನ್ನು ಕಣ್ಣಾರೆ ಕಂಡದ್ದು ಅಂದೇ ಮೊದಲು.

ಈ ಕೋತಿಗಳು ನಮಗೆ ದೂರದ ಜ್ಞಾತಿಗಳೆಂಬ ಮಾತನ್ನು ಕೇಳಿ ಒಂದು ಕಾಲದಲ್ಲಿ ನಕ್ಕವರಲ್ಲಿ ನಾನೂ ಒಬ್ಬ. ಕಿಷ್ಕಿಂಧಾಕಾಂಡದಲ್ಲಿ ಹನುಮಂತನ ಮಾತನ್ನು ಕೇಳಿದ ಶ್ರೀರಾಮನು, ಇವನು ವ್ಯಾಕರಣವನ್ನು ಚೆನ್ನಾಗಿ ಬಲ್ಲವನೆಂದು ಲಕ್ಷ್ಮಣನೊಡನೆ ಕೊಂಡಾಡುವ ಭಾಗವನ್ನು ಭಕ್ತಿಯಿಂದ ಪಾಠ ಹೇಳುತ್ತಿದ್ದವನು, ಬಾಣಸವಾಡಿಯ ಗುಡಿಯಲ್ಲಿ ಆಂಜನೇಯನಿಗೆ ಕೈಮುಗಿಯುವವನು, ಕಪಿಗೂ ನನಗೂ ನಂಟೆಂದೊಡನೆ ಮುಖ ಸಿಂಡರಿಸುತ್ತಿದ್ದುದು ವಿಚಿತ್ರವೇ ಸರಿ. ನನ್ನೊಡನೆ ಕೆಲಸದಲ್ಲಿದ್ದ ವಿಜ್ಞಾನದ ಮೇಷ್ಟರೊಬ್ಬರು ನನ್ನನ್ನು ಬಸವನಗುಡಿಯ ನ್ಯಾಷನಲ್ ಕಾಲೇಜಿಗೆ, ಎಚ್. ನರಸಿಂಹಯ್ಯನವರು 1962ರಲ್ಲಿ ಆರಂಭಿಸಿದ ಬೆಂಗಳೂರು ವಿಜ್ಞಾನ ವೇದಿಕೆಯ ಉಪನ್ಯಾಸಗಳಿಗೆ, ಕರೆದುಕೊಂಡು ಹೋಗುತ್ತಿದ್ದರು. ನಾವು ಇಂದಿನ ಕೋತಿಯಿಂದ ಹುಟ್ಟಿದವರಲ್ಲ. ಸುಮಾರು ಎರಡೂವರೆಯಿಂದ ಮೂರು ಕೋಟಿ ವರ್ಷಗಳ ಹಿಂದೆ ಇದ್ದ ಒಂದೇ ಮೂಲಪುರುಷರಿಂದ ಅವುಗಳ ಶಾಖೆಯೂ ನಮ್ಮ ಶಾಖೆಯೂ ಬೇರೆಯಾದುವು ಎಂಬುದನ್ನು ನಾನು ಕ್ರಮವಾಗಿ ತಿಳಿದುಕೊಂಡದ್ದು ಅವರಿಂದ.

ತಿಳಿದ ಮೇಲೆ ಹೊಸದೊಂದು ಸಂಶಯ ಕಾಡತೊಡಗಿತು. ಕಣ್ಣು ಕೈಕಾಲುಗಳಂತೆ ಬುದ್ಧಿಯೂ ಜೀವವಿಕಾಸದಿಂದಲೇ ಬಂದುದಾದರೆ, ಅದು ಬೆಳೆದದ್ದು ಬದುಕಿ ಉಳಿಯುವುದಕ್ಕಾಗಿಯೇ ಹೊರತು ಸತ್ಯವನ್ನು ಅರಿಯುವುದಕ್ಕಾಗಿ ಅಲ್ಲ. ಹಾಗಾದಲ್ಲಿ ಅದನ್ನು ನಂಬುವುದು ಹೇಗೆ? ಈ ಸಂಶಯ ಡಾರ್ವಿನ್ ಮಹಾಶಯನನ್ನೂ ಬಿಟ್ಟಿರಲಿಲ್ಲ. ತಾನು ತೀರಿಕೊಳ್ಳುವ ಹಿಂದಿನ ವರ್ಷ, 1881ರ ಜುಲೈ 3ರಂದು, ವಿಲಿಯಂ ಗ್ರಹಾಂ ಎಂಬವರಿಗೆ ಬರೆದ ಕಾಗದದಲ್ಲಿ ಆತನು, ಕೆಳಗಿನ ಪ್ರಾಣಿಗಳ ಮನಸ್ಸಿನಿಂದ ವಿಕಾಸಗೊಂಡ ಮನುಷ್ಯನ ಮನಸ್ಸಿನ ನಿಶ್ಚಯಗಳಿಗೆ ಎಷ್ಟು ಬೆಲೆಯೆಂದು ತನ್ನನ್ನು ತಾನೇ ಕೇಳಿಕೊಂಡು, ಕೋತಿಯ ಮನಸ್ಸಿನ ನಿಶ್ಚಯವನ್ನು ಯಾರಾದರೂ ನಂಬುವರೇ ಎಂದು ಶಂಕಿಸಿದನು.

ನಮ್ಮ ನೈಯಾಯಿಕರಲ್ಲಿ ಇದಕ್ಕೆ ಒಂದು ಸಮಾಧಾನವುಂಟು. ಜ್ಞಾನದ ಪ್ರಾಮಾಣ್ಯವು ತಾನಾಗಿ ತಿಳಿಯದು, ಪ್ರವೃತ್ತಿಯ ಸಾಫಲ್ಯದಿಂದ ತಿಳಿಯುತ್ತದೆಂಬುದು ಅವರ ಮತ. ಬಾಯಾರಿದವನು ನೀರನ್ನು ಕಂಡು ನಡೆದು ಹೋಗಿ ಕುಡಿದಾಗ ದಾಹ ಅಡಗಿದರೆ, ಕಂಡದ್ದು ನೀರೇ ಸರಿ, ಮರೀಚಿಕೆಯಲ್ಲ. ಮರೀಚಿಕೆಯನ್ನೇ ನೀರೆಂದು ನಂಬಿದ ಜೀವಿಗಳ ವಂಶ ಬಹುಕಾಲ ಉಳಿಯಲಾರದು. ಆದಕಾರಣ ಹತ್ತಿರದ ವಿಷಯಗಳಲ್ಲಿ ನಮ್ಮ ಇಂದ್ರಿಯಗಳೂ ಬುದ್ಧಿಯೂ ಬಹುಮಟ್ಟಿಗೆ ನಿಜವನ್ನೇ ತೋರಿಸುವಂತೆ ರೂಪುಗೊಂಡಿರಬೇಕು. ಇಷ್ಟರಮಟ್ಟಿಗೆ ಡಾರ್ವಿನ್ನನ ಶಂಕೆಗೆ ಪರಿಹಾರವಾಯಿತು.

ಆದರೆ ತಾರಸಿಯ ಹಗ್ಗವನ್ನು ನೋಡಿದ ಮೇಲೆ ಈ ಸಮಾಧಾನ ಅರ್ಧವೆನಿಸಿತು. ಹಗ್ಗವನ್ನು ಹಾವೆಂದು ಬಗೆದು ಓಡಿದ ಮರಿಗೆ ಆದ ನಷ್ಟವೇನು? ಒಂದು ನೆಗೆತದ ಆಯಾಸ. ಹಾವನ್ನು ಹಗ್ಗವೆಂದು ಬಗೆದ ಮರಿಗಾದರೋ ಪ್ರಾಣವೇ ನಷ್ಟ. ಎರಡೂ ಭ್ರಾಂತಿಗಳೇ, ಆದರೆ ಒಂದು ಅಗ್ಗ, ಮತ್ತೊಂದು ದುಬಾರಿ. ಹೀಗಿರಲು ನಿಸರ್ಗವು ಅಗ್ಗದ ಭ್ರಾಂತಿಯನ್ನು ಉಳಿಸಿಕೊಂಡು ಬಂದುದರಲ್ಲಿ ಆಶ್ಚರ್ಯವಿಲ್ಲ. ಅಮೆರಿಕೆಯ ವೈದ್ಯ ರ‍್ಯಾಂಡಾಲ್ಫ್ ನೆಸ್ಸೆ ಇದನ್ನು ಕಟ್ಟಡಗಳಲ್ಲಿ ಹೊಗೆ ಕಂಡರೆ ಕೂಗುವ ಗಂಟೆಗೆ ಹೋಲಿಸಿದ್ದಾರೆ: ಸೀದ ಒಗ್ಗರಣೆಗೂ ಅದು ಕೂಗುತ್ತದೆ, ಮನೆ ಹೊತ್ತಿಕೊಂಡಾಗ ಸುಮ್ಮನಿರಬಾರದೆಂಬುದೇ ಅದರ ಧರ್ಮ. ಅಂದಮೇಲೆ ಪ್ರವೃತ್ತಿ ಸಫಲವಾದ ಮಾತ್ರಕ್ಕೆ ಜ್ಞಾನ ಯಥಾರ್ಥವಾಗಬೇಕಿಲ್ಲ. ನಮಗೆ ಪಿತ್ರಾರ್ಜಿತವಾಗಿ ಬಂದಿರುವ ಬುದ್ಧಿಯಲ್ಲಿ ಬಹುಪಾಲು ಇಂತಹ ಅಂಜುಬುರುಕ ಬುದ್ಧಿ. ಬೇಗನೆ ನಿಶ್ಚಯಿಸುತ್ತದೆ, ನಿಶ್ಚಯಿಸಿದ್ದನ್ನು ಬಿಡದು.

ಹಾಗಾದರೆ ತರ್ಕಶಕ್ತಿ ಎಲ್ಲಿಂದ ಬಂದಿತು? ನಮ್ಮ ಬೆಂಗಳೂರಿನ ರಾಷ್ಟ್ರೀಯ ಉನ್ನತ ಅಧ್ಯಯನ ಸಂಸ್ಥೆಯಲ್ಲಿ ಬಹುಕಾಲ ಕೆಲಸಮಾಡಿದ ಅನಿಂದ್ಯ ಸಿನ್ಹ ಅವರು, ಬೈತಲೆ ತೆಗೆದಂತೆ ತಲೆಗೂದಲಿರುವ ಇದೇ ಜಾತಿಯ ಕೋತಿಗಳನ್ನು ಗಮನಿಸಿ 1998ರಲ್ಲಿ ಲಂಡನ್ನಿನ ರಾಯಲ್ ಸೊಸೈಟಿಯ ಪತ್ರಿಕೆಯಲ್ಲಿ ಬರೆದಿದ್ದಾರೆ. ಎರಡು ಹೆಣ್ಣುಕೋತಿಗಳು ಮೈ ಹೆಕ್ಕುತ್ತ ಕುಳಿತಿರುವಾಗ ಅವೆರಡಕ್ಕಿಂತಲೂ ಮೇಲಿನ ದರ್ಜೆಯ ಮೂರನೆಯದು ಬಂದರೆ, ಸಾಮಾನ್ಯವಾಗಿ ಆ ಇಬ್ಬರಲ್ಲಿ ಕೆಳಗಿನವಳು ಎದ್ದುಹೋಗುತ್ತಾಳೆ. ಕೆಲವು ಸಲ ಮಾತ್ರ ಮೇಲಿನವಳೇ ಏಳುತ್ತಾಳೆ. ಹಾಗಾಗುವುದು ಕೆಳಗಿನ ಗೆಳತಿಯು ಹಿಂಡಿನಲ್ಲಿ ಹೆಚ್ಚು ಜನಪ್ರಿಯಳಾಗಿದ್ದಾಗ. ತನ್ನ ಸ್ಥಾನವಷ್ಟೇ ಅಲ್ಲದೆ ಇತರರು ತಮ್ಮತಮ್ಮಲ್ಲಿ ಹೇಗಿದ್ದಾರೆಂಬುದನ್ನೂ ಎಣಿಸಿ ನಡೆಯುವ ಬುದ್ಧಿ ಇದು. ನಾಲ್ವರ ನಡುವೆ ಬಾಳುವ ಕಷ್ಟವೇ ಬುದ್ಧಿಯನ್ನು ಹರಿತಗೊಳಿಸಿತೆಂದು ಅನೇಕ ಪಂಡಿತರ ಅಭಿಪ್ರಾಯ.

ಫ್ರಾನ್ಸಿನ ಹ್ಯೂಗೊ ಮರ್ಸಿಯೆ, ಡಾನ್ ಸ್ಪೆರ್ಬೆರ್ ಎಂಬಿಬ್ಬರು 2011ರಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ ಹೋದರು. ಅವರ ಮತದಂತೆ ತರ್ಕವು ವಿಕಾಸಗೊಂಡದ್ದು ಏಕಾಂತದಲ್ಲಿ ಸತ್ಯವನ್ನು ಕಾಣಲಿಕ್ಕಲ್ಲ; ಇತರರೊಡನೆ ವಾದಿಸಿ ಒಪ್ಪಿಸಲಿಕ್ಕೆ, ಇತರರ ವಾದವನ್ನು ಒರೆಹಚ್ಚಲಿಕ್ಕೆ. ಎಲ್ಲರೂ ಇದನ್ನು ಒಪ್ಪಿಲ್ಲವಾದರೂ ಇದಕ್ಕೆ ಬಲವಾದ ಸಾಕ್ಷ್ಯವೊಂದುಂಟು. ಒಂದು ನಿಯಮ ನಿಜವೋ ಸುಳ್ಳೋ ತಿಳಿಯಲು ನಾಲ್ಕು ಚೀಟಿಗಳಲ್ಲಿ ಯಾವುವನ್ನು ಮಗುಚಿ ನೋಡಬೇಕೆಂಬ ಸಮಸ್ಯೆಯನ್ನು ಒಬ್ಬೊಬ್ಬರೇ ಕುಳಿತು ಬಿಡಿಸುವಾಗ ನೂರಕ್ಕೆ ಸುಮಾರು ಹತ್ತು ಮಂದಿ ಮಾತ್ರ ಗೆಲ್ಲುತ್ತಾರೆ. 1998ರ ಒಂದು ಪರೀಕ್ಷೆಯಲ್ಲಿ ಕೂಡಿ ಚರ್ಚಿಸಿದ 20 ಗುಂಪುಗಳಲ್ಲಿ 15 ಗೆದ್ದುವು. ಗೌತಮರ ನ್ಯಾಯಸೂತ್ರಗಳು ಹದಿನಾರು ಪದಾರ್ಥಗಳಲ್ಲಿ ವಾದ, ಜಲ್ಪ, ವಿತಂಡೆಗಳನ್ನು ಬೇರೆಬೇರೆಯಾಗಿ ಎಣಿಸಿದ್ದು ಏಕೆಂಬುದು ನನಗೆ ಅರಿವಾದದ್ದು ಇದನ್ನು ಓದಿದಾಗ. ಜಲ್ಪ ಗೆಲ್ಲುವುದಕ್ಕಾಗಿ, ವಾದ ತಿಳಿಯುವುದಕ್ಕಾಗಿ. ಎರಡಕ್ಕೂ ಬೇಕಾದ ಬುದ್ಧಿ ಒಂದೇ.

ಇದನ್ನು ನಾನು ಬಹಳ ಬೆಲೆ ತೆತ್ತು ಕಲಿತವನು. ಬೆಲೆ ತೆತ್ತವನು ನಾನಲ್ಲ ಎಂಬುದೇ ದುಃಖ. 1994ನೆಯ ಇಸವಿಯ ನವೆಂಬರಿನಲ್ಲಿ, ಮಕ್ಕಳ ಪ್ರವಾಸಕ್ಕೆಂದು ಕೂಡಿಸಿದ್ದ ಹಣದ ಲಕೋಟೆ ನನ್ನ ಮೇಜಿನ ಖಾನೆಯಿಂದ ಕಾಣೆಯಾಯಿತು. ಊಟದ ವೇಳೆಯಲ್ಲಿ ಕೊಠಡಿಯಲ್ಲಿ ಉಳಿದಿದ್ದವನು ಒಬ್ಬನೇ ಹುಡುಗ. ಕೇಳಿದರೆ ತೊದಲಿದನು, ಕಣ್ಣೆತ್ತಲಿಲ್ಲ, ನಡುಗಿದನು. ಎಲ್ಲಿ ನಡುಕವೋ ಅಲ್ಲಿ ಅಪರಾಧ. ನನ್ನ ಅನುಮಾನ ಅಲ್ಲಿಗೆ ಮುಗಿಯಿತು. ಬೆಂಕಿಯಿದ್ದಲ್ಲೆಲ್ಲ ಹೊಗೆಯೆನ್ನಬೇಡಿ, ಅಲ್ಲಿ ಹಸಿಸೌದೆಯೆಂಬ ಉಪಾಧಿಯುಂಟು, ಕಾದ ಕಬ್ಬಿಣದ ಗುಂಡಿನಲ್ಲಿ ಬೆಂಕಿಯಿದ್ದೂ ಹೊಗೆಯಿಲ್ಲವೆಂದು ಹುಡುಗರಿಗೆ ಹೇಳಿಕೊಟ್ಟವನು ನಾನೇ. ಆ ನಡುಕದ ಉಪಾಧಿ ಬಡತನವೂ ನನ್ನ ಕೈಯ ಬೆತ್ತವೂ ಆಗಿರಬಹುದೆಂದು ತೋರಲಿಲ್ಲ. ವಿಜ್ಞಾನದ ಮೇಷ್ಟರು ಮಾತ್ರ, “ಸ್ವಾಮಿ, ಹಾಜರಿ ಪುಸ್ತಕವನ್ನು ಒಮ್ಮೆ ನೋಡಿದಿರಾ?” ಎಂದರು. ಅದು ನನಗೆ ವಿತಂಡೆಯಂತೆ ಕಂಡಿತು. ಹತ್ತು ಯುಕ್ತಿಗಳನ್ನು ಹೇಳಿ ಅವರ ಬಾಯಿ ಕಟ್ಟಿದೆನು. ತರಗತಿಯ ಮುಂದೆ ಹುಡುಗನನ್ನು ನಿಲ್ಲಿಸಿದೆನು, ತಂದೆಯನ್ನು ಕರೆಯಿಸಿದೆನು. ಹನ್ನೊಂದು ದಿನಗಳ ಮೇಲೆ ಲಕೋಟೆ ಸಿಕ್ಕಿತು. ಹಾಜರಿ ಪುಸ್ತಕದ ರಟ್ಟಿನ ಹೊದಿಕೆಯೊಳಗೆ, ನಾನೇ ಇಟ್ಟ ಸ್ಥಳದಲ್ಲಿ.

ಅವರ ಮನೆಗೆ ಹೋದೆನು. ಗಾರೆಕೆಲಸದ ಆ ತಂದೆ ಚಾಪೆ ಹಾಸಿ ಕುಳ್ಳಿರಿಸಿ, “ಮೇಷ್ಟ್ರೇ, ನೀವು ಹೇಳಿದ ಮೇಲೆ ಸುಳ್ಳಾಗಲ್ಲ ಅಂತ ನಾನೂ ಅವನನ್ನ ಹೊಡೆದೆ” ಎಂದನು. ಆಪ್ತವಾಕ್ಯವು ಪ್ರಮಾಣವೆಂದು ಆತನಿಗೆ ಯಾರೂ ಪಾಠ ಹೇಳಿರಲಿಲ್ಲ. ಆತನು ನನ್ನನ್ನು ಆಪ್ತನೆಂದು ನಂಬಿದ್ದನು. ಹುಡುಗ ಒಳಕೋಣೆಯಿಂದ ಹೊರಗೆ ಬರಲಿಲ್ಲ. ಶಾಲೆಗೂ ಮರಳಿ ಬರಲಿಲ್ಲ.

ಜೀವವಿಕಾಸವು ಮನುಷ್ಯನ ಬುದ್ಧಿಯನ್ನು ಹೀನಗೊಳಿಸುವ ಮತವೆಂದು ದೂರುವವರನ್ನು ಈಗಲೂ ಕಾಣುತ್ತೇನೆ. ನನಗಂತೂ ಅದು ಬುದ್ಧಿಗೆ ಹೇಳಿದ ಹಿತವಚನವೆನಿಸುತ್ತದೆ. ಒಬ್ಬನ ತಲೆಯೊಳಗಿನ ನಿಶ್ಚಯಕ್ಕೆ ಹೆಚ್ಚು ಬೆಲೆಯಿಲ್ಲ. ಡಾರ್ವಿನ್ನನ ಶಂಕೆ ಅಲ್ಲಿ ನ್ಯಾಯವೇ. ಅದನ್ನು ಎದುರಿಗಿರುವವನ ಪ್ರಶ್ನೆಗೆ ಒಡ್ಡಿದಾಗ, ಹಿಂದಿರುಗಿ ಮುಟ್ಟಿ ನೋಡಿದಾಗ, ಬೆಲೆ ಬರುತ್ತದೆ. ಪೂರ್ವಪಕ್ಷವನ್ನು ಮೊದಲು ಹೇಳದೆ ಸಿದ್ಧಾಂತಕ್ಕೆ ಹೋಗಬಾರದೆಂದು ಹಿರಿಯರು ವಿಧಿಸಿದ್ದು ಶಿಷ್ಟಾಚಾರಕ್ಕಾಗಿ ಮಾತ್ರವಲ್ಲ.

ಅಂದು ತಾರಸಿಯಲ್ಲಿ ಸಂಡಿಗೆ ಉಳಿಯಲಿಲ್ಲ. ಅದಕ್ಕಾಗಿ ಮನೆಯವರಿಂದ ಮಾತು ಕೇಳಿದ್ದೂ ಆಯಿತು. ನನ್ನ ಮನಸ್ಸು ಮಾತ್ರ ಆ ಮುದಿ ಕೋತಿಯ ಮೇಲೆ ನೆಟ್ಟಿತ್ತು. ಓಡುವುದರಲ್ಲಿ ಅದೂ ನನ್ನಂತೆಯೇ. ಆದರೆ ಅದು ಮರಳಿ ಬಂದು ನೋಡಿತು.